ಎರಡನೇ ನಂಬರಿನ ಪೆಟ್ಟಿಗೆ

ನಾನು ಒಂದು ಮರದ ಪೆಟ್ಟಿಗೆ. ಎದೆಯ ಮೇಲೆ ‘೨’ ಎಂದು ಬರೆದಿದೆ. ನಮ್ಮ ಸೀಮೆಯ ಕಾಲೇಜುಗಳೆಲ್ಲ ಸೇರಿ ಮೊದಲ ಕ್ರೀಡಾಕೂಟ ನಡೆಸಿದ ವರ್ಷ, ಮೌನೇಶ ಬಡಿಗೇರ ಎಂಬವರು ಹಳೆಯ ಬೆಂಚುಗಳನ್ನು ಒಡೆದು ನಮ್ಮನ್ನು ಮಾಡಿದರು. ನಾವು ಮೂವರು. ನಡುವೆ ಎತ್ತರದ ಅಣ್ಣ, ಅವನ ಒಂದು ಪಕ್ಕಕ್ಕೆ ನಾನು, ಇನ್ನೊಂದು ಪಕ್ಕಕ್ಕೆ ತಮ್ಮ. ಗೆದ್ದವರು ನಮ್ಮ ಮೇಲೆ ನಿಂತು ಪದಕ ಪಡೆಯುತ್ತಿದ್ದರು.

ನಾನು ಜನರನ್ನು ಪಾದಗಳಿಂದ ಬಲ್ಲೆ. ಮೊದಮೊದಲು ಬಂದವೆಲ್ಲ ಹಿಮ್ಮಡಿ ಒಡೆದ, ಎರೆಮಣ್ಣು ಮೆತ್ತಿದ ಗಂಡುಗಾಲುಗಳು. ಆಮೇಲೆ ಕ್ಯಾನ್ವಾಸ್ ಬೂಟು ಬಂದವು. ಒಂದು ವರ್ಷ, ಗೆಜ್ಜೆ ಬಿಚ್ಚಿಟ್ಟ ಗುರುತಿದ್ದ ಕಾಲೊಂದು ಅಂಜುತ್ತ ಹತ್ತಿತು; ಹೆಣ್ಣುಮಕ್ಕಳ ಓಟ ಶುರುವಾಗಿತ್ತು. ಎರಡನೆಯವರ ಪಾದ ಸುಮ್ಮನಿರುವುದಿಲ್ಲ. ಹೆಬ್ಬೆರಳು ನನ್ನನ್ನು ಕೆರೆಯುತ್ತದೆ.

ನೀಲಗಂಗಾಳದೂ ಹಾಗೆಯೇ ಕೆರೆಯುತ್ತಿತ್ತು. ಎಂಟುನೂರು ಮೀಟರ್ ಓಟದಲ್ಲಿ ಎರಡು ವರ್ಷವೂ ಅವಳು ನನ್ನ ಮೇಲೆ, ಜುಬೇದಾ ಅಣ್ಣನ ಮೇಲೆ.

“ಮುಂದಿನ ವರ್ಷ ನಿನ್ನ ಇಳಸ್ತೀನಿ ನೋಡಲೇ,” ಎನ್ನುತ್ತಿದ್ದಳು ನೀಲಗಂಗಾ.

“ಬಾರಲೇ, ಕಾಯ್ತೀನಿ,” ಎಂದು ಜುಬೇದಾ ನಗುತ್ತಿದ್ದಳು.

ಆ ಮುಂದಿನ ವರ್ಷ, ಅವರ ಕೊನೆಯ ವರ್ಷ, ವಿಶ್ವವಿದ್ಯಾಲಯವೇ ಒಡೆದು ಎರಡಾಯಿತು. ಕೂಟವೂ ಒಡೆಯಿತು. ಜುಬೇದಾಳ ಕಾಲೇಜು ಆ ಕಡೆ, ನೀಲಗಂಗಾಳದು ಈ ಕಡೆ. ಸಾಮಾನು ಹಂಚುವವರು ನಮ್ಮನ್ನು ಮೂರು ಬೇರೆ ಬೇರೆ ಪೆಟ್ಟಿಗೆಗಳೆಂದು ತಿಳಿದು, ಅಣ್ಣನನ್ನೂ ತಮ್ಮನನ್ನೂ ಅಲ್ಲಿಗೆ, ನನ್ನನ್ನು ಇಲ್ಲಿಗೆ ಕಳಿಸಿದರು.

ಹೊಸ ಕೂಟದಲ್ಲಿ ನೀಲಗಂಗಾ ಸಲೀಸಾಗಿ ಗೆದ್ದಳು. ನಿಲ್ಲಲು ಇದ್ದದ್ದು ನಾನೊಬ್ಬನೇ. ಕ್ರೀಡಾ ನಿರ್ದೇಶಕ ಹೊಸಮನಿ ಸರ್ ನನ್ನ ಅಂಕಿ ಅಳಿಸಲು ಬಣ್ಣ ತರಿಸಿದರು.

“ಬ್ಯಾಡ್ರಿ ಸರ್,” ಎಂದಳು ನೀಲಗಂಗಾ. “ಜುಬೇದಾ ಇಲ್ಲದ ಓಟದಾಗ ನಾ ಹ್ಯಾಂಗ ಮೊದಲನೇದಾಕಿ ಆಗ್ತೀನ್ರಿ?”

“ನಿನ್ನಂಥಾಕಿನ್ನ ಎಲ್ಲೂ ನೋಡಿಲ್ಲ ಬಿಡವಾ,” ಎಂದು ಸರ್ ಡಬ್ಬಿ ಮುಚ್ಚಿದರು.

ಗೆಳತಿಯ ಓಟ ನೋಡಲು ಜುಬೇದಾ ಬಸ್ಸು ಹತ್ತಿ ಬಂದಿದ್ದಳು. ಶಾಮಿಯಾನ ಬಿಚ್ಚಿದ ಮೇಲೆ, ಖಾಲಿ ಮೈದಾನದಲ್ಲಿ ಇಬ್ಬರೂ ಓಡಿದರು. ಸೀಟಿಯಿಲ್ಲ, ಚಪ್ಪಾಳೆಯಿಲ್ಲ. ಕೊನೆಯ ತಿರುವಿನಲ್ಲಿ ನೀಲಗಂಗಾ ಮುಂದಾದಳು, ಮುಂದೆಯೇ ಉಳಿದಳು.

ಜುಬೇದಾ ಏದುಸಿರು ಬಿಡುತ್ತ ಬಂದು ನನ್ನ ಮೇಲೆ ಕುಳಿತಳು. “ಎರಡನೇದ್ದು ಈಗ ನಂದು. ಏಳಂಗಿಲ್ಲ ನಾ.”

“ಹಂಗಾರ ನಾ ಎಲ್ಲಿ ಕುಂದ್ರಲಿ?”

“ನಿಂದು ನಮ್ಮ ಕಡೆ ಐತಿ. ಹೋಗಿ ಹೊತ್ಕೊಂಡ ಬಾ.”

ನೀಲಗಂಗಾ ನಗುತ್ತ ನೆಲದ ಮೇಲೆ ಕುಳಿತು, ನನಗೆ ಬೆನ್ನು ಆನಿಸಿದಳು.

ಈಗ ನಾನು ಕ್ರೀಡಾ ಸಾಮಾನಿನ ಕೋಣೆಯ ಮೂಲೆಯಲ್ಲಿದ್ದೇನೆ. ತಲೆಯ ಮೇಲೆ ಹರಿದ ವಾಲಿಬಾಲ್ ನೆಟ್. ಎಷ್ಟೋ ಜನ ನನ್ನ ಮೇಲೆ ನಿಂತು ಹೋದರು. ಒರಗಿ ಕುಳಿತವಳು ನೀಲಗಂಗಾ ಒಬ್ಬಳೇ. ಮರದೊಳಕ್ಕೆ ಬಂದ ಆ ಎದೆಬಡಿತ ನಿಧಾನಕ್ಕೆ ಸಮಾಧಾನಕ್ಕೆ ಬಂದದ್ದನ್ನು ನಾನು ಕೊನೆಯವರೆಗೂ ಕೇಳಿದ್ದೆ.