ಬಾರ್ಲೆ ಊರಿನ ತಲೆಬಾಗಿಲು

ಬೈಲಹೊಂಗಲದ ಬಜಾರ ಓಣಿಯಲ್ಲಿ ನಿಂತು ಮಹಾಂತಪ್ಪ ಮಾಸ್ತರರ ಮನೆ ಯಾವುದೆಂದು ಕೇಳಿದರೆ ಯಾರಾದರೂ ಬೆರಳು ಮಾಡಿ ತೋರಿಸುತ್ತಾರೆ. ಆದರೆ ಅವರು ತೋರಿಸುವ ಬಾಗಿಲು ಮಾಸ್ತರರದಲ್ಲ. ಹಿತ್ತಾಳೆಯ ಬಳೆ ತೂಗುವ ಆ ಸಾಗವಾನಿ ತಲೆಬಾಗಿಲು ಅವರ ತಮ್ಮ ವಿರೂಪಾಕ್ಷನದು. ಬಂದವರು ಕಟ್ಟೆಯೇರಿ ಬಳೆ ಬಾರಿಸುತ್ತಾರೆ, ವಿರೂಪಾಕ್ಷ ಹೊರಬಂದು, "ಮಾಸ್ತರನ್ನ ಕೇಳಿ ಬಂದಿರೇನು? ಸಂದ್ಯಾಗ ಹಾದು ಹಿಂದ ಹೋಗ್ರಿ," ಎನ್ನುತ್ತಾನೆ. ಮೂವತ್ತೊಂದು ವರ್ಷಗಳಿಂದ ಆ ಮಾತು ಗೋಡೆಯಾಚೆಯಿಂದ ಮಾಸ್ತರರ ಕಿವಿಗೆ ಬೀಳುತ್ತಲೇ ಇದೆ.

ತಪ್ಪು ಅವರದೇ ಆಗಿತ್ತು. ಅಣ್ಣತಮ್ಮಂದಿರು ಬೇರೆಯಾಗುವಾಗ ಹಿರಿಯನಾದವನು ಪಾಲು ಮಾಡಬೇಕು, ಕಿರಿಯನಾದವನು ಮೊದಲು ಆರಿಸಿಕೊಳ್ಳಬೇಕು. ಅದು ಆ ಮನೆತನದಲ್ಲಿ ನಡೆದುಬಂದ ರೀತಿ. ಮಾಸ್ತರರು ಮನೆಯನ್ನು ಅಡ್ಡಲಾಗಿ ಎರಡು ಮಾಡಿದರು. ಮುಂದಿನ ಭಾಗದಲ್ಲಿ ಕಟ್ಟೆ, ಪಡಸಾಲೆ, ತಲೆಬಾಗಿಲು. ಹಿಂದಿನ ಭಾಗದಲ್ಲಿ ಅಡುಗೆಮನೆ, ಅವ್ವ ಹಾಕಿದ ಜೋಡಿ ಒಲೆ, ಸಿಹಿನೀರಿನ ಬಾವಿ, ಹಿತ್ತಲು. ಬಾವಿಯ ಆಸೆಗೆ ತಮ್ಮ ಹಿಂಭಾಗಕ್ಕೆ ಕೈಹಾಕುತ್ತಾನೆ, ತಲೆಬಾಗಿಲು ತಮಗೆ ಉಳಿಯುತ್ತದೆ ಎಂಬುದು ಅವರ ಎಣಿಕೆ. ವಿರೂಪಾಕ್ಷ ಕಣ್ಣು ಮಿಟುಕಿಸದೆ, "ನನಗ ಬಾಗಲಾ ಇರಲಿ," ಎಂದ. ಮುಂದೆ ಅಣ್ಣನ ಮಗಳ ಮದುವೆಯಲ್ಲಿ ಬೀಗರನ್ನು ತನ್ನ ಬಾಗಿಲಿನಿಂದಲೇ ಕರೆತರಬೇಕೆಂದು ತಮ್ಮ ಎರಡು ಸಲ ಬಂದು ಕೇಳಿಕೊಂಡರೂ ಮಾಸ್ತರರು ಒಪ್ಪದೆ, ಕೊಡೆ ಬಿಚ್ಚಲೂ ಜಾಗವಿಲ್ಲದ ಸಂದಿಯಲ್ಲಿ ಹಂದರ ಹಾಕಿಸಿದ್ದರು.

ಆದರೆ ಒಂದು ವಿಷಯದಲ್ಲಿ ಅವರನ್ನು ಹಿಂದಿನ ಬಾಗಿಲಿಗೆ ಕಳಿಸುವವರಿರಲಿಲ್ಲ, ಅದು ವಿದ್ಯೆ. ಮೂವತ್ತೆಂಟು ವರ್ಷ ಹೈಸ್ಕೂಲಿನಲ್ಲಿ ಇತಿಹಾಸ ಕಲಿಸಿದವರು ಅವರು. ಓಣಿಯ ವಾಚನಾಲಯದ ಸ್ಥಾಪನಾ ದಿನದ ಉಪನ್ಯಾಸ ಹದಿನೆಂಟು ವರ್ಷಗಳಿಂದ ಅವರದೇ. ಎಲ್ಲಕ್ಕಿಂತ ಅವರಿಗೆ ಪ್ರಿಯವಾದ ಪಾಠ ಹಾಲೆಂಡು ಮತ್ತು ಬೆಲ್ಜಿಯಂ. ಪುಸ್ತಕ ನೋಡದೆ ಕರಿಹಲಗೆಯ ಮೇಲೆ ಒಂದೇ ಗೆರೆಯಲ್ಲಿ ಎರಡೂ ದೇಶಗಳನ್ನು ಬರೆದು, ಮೂಲೆಯಲ್ಲಿ ಲಕ್ಸೆಂಬರ್ಗನ್ನು ಕುಂಕುಮದಂತೆ ಇಡುತ್ತಿದ್ದರು. ಚೆನ್ನಮ್ಮ ರಾಣಿ ಇದೇ ಊರಿನ ಕೋಟೆಯಲ್ಲಿ ಕಣ್ಣುಮುಚ್ಚಿದ ಮರುವರ್ಷ ಬ್ರಸೆಲ್ಸಿನ ಜನ ಸಂಗೀತ ನಾಟಕ ನೋಡಲು ಹೋದವರು ಬೀದಿಗಿಳಿದು, ಡಚ್ಚರ ರಾಜನಿಂದ ಬೇರೆಯಾದದ್ದನ್ನು ಅವರು ಹೇಳುತ್ತಿದ್ದರೆ ಹಿಂದಿನ ಬೆಂಚಿನ ಹುಡುಗರೂ ಕಿವಿಗೊಡುತ್ತಿದ್ದರು. ಆ ದೇಶಗಳನ್ನು ಅವರು ಕಂಡಿರಲಿಲ್ಲ. ಕಾಣಬೇಕೆಂದು ಅನಿಸಿಯೂ ಇರಲಿಲ್ಲ, ತನ್ನ ಅರಳೆ ಜಿನ್ನಿಂಗ್ ಮಿಲ್ಲಿಗೆ ಯಂತ್ರಗಳನ್ನು ನೋಡುವ ನೆಪದಲ್ಲಿ ವಿರೂಪಾಕ್ಷ ಹನ್ನೊಂದು ದಿನ ಅಲ್ಲಿಗೆ ಹೋಗಿಬರುವವರೆಗೆ.

ಅವನು ಮರಳಿದ ವಾರಕ್ಕೆ ವಾಚನಾಲಯದ ಕಾರ್ಯದರ್ಶಿ ಕಾಂತೇಶ ಸಂದಿಯಲ್ಲಿ ಹಾದು ಬಂದು ಕುಳಿತ.

"ಈ ವರ್ಷದ ಉಪನ್ಯಾಸ ಹಾಲೆಂಡ್ ಬೆಲ್ಜಿಯಂ ಮ್ಯಾಲ ಇಟ್ಟೇವ್ರಿ ಸರ."

ಮಾಸ್ತರರ ಮುಖ ಅರಳಿತು. "ಚಲೋ ಆತು. ಚರಿತ್ರಿ, ಸಂಸ್ಕೃತಿ ಎರಡೂ ಹೇಳತೇನಿ."

ಕಾಂತೇಶ ಚಹದ ಬಸಿಯನ್ನು ತಿರುಗಿಸುತ್ತ ಕುಳಿತ. "ವಿರೂಪಾಕ್ಷಪ್ಪಾರು ಮಾತಾಡ್ತಾರಂತ್ರಿ. ಕಣ್ಣಾರೆ ನೋಡಿ ಬಂದಾರಲ್ರಿ. ಅಧ್ಯಕ್ಷತೆ ನಿಮ್ಮದ."

"ನೋಡಿ ಬಂದಾನ," ಎಂದರು ಮಾಸ್ತರರು. "ಎತ್ತೂ ಹುಬ್ಬಳ್ಳಿ ನೋಡಿ ಬರತದ."

ಕಾಂತೇಶ ಹೋದ ಮೇಲೆ ಹೆಂಡತಿ ಶಟ್ಟೆವ್ವ ರೊಟ್ಟಿ ಬಡಿಯುತ್ತಲೇ ಕೇಳಿದಳು: "ಅಧ್ಯಕ್ಷ ಅಂದ್ರ ದೊಡ್ಡವರಲ್ಲೇನ್ರಿ? ಮಾರಿ ಯಾಕ ಹಂಗ ಮಾಡೀರಿ, ಹಾಗಲಕಾಯಿ ತಿಂದವರಂಗ?"

"ನಿನಗ ತಿಳಿಯೂದಿಲ್ಲ."

"ತಿಳಿಯೂದಿಲ್ಲ ಬಿಡ್ರಿ. ಮೈದುನ ಹೊಸ ಅಂಗಿ ಹಾಕ್ಕೊಂಡ ದಿನಾ ನಿಮಗ ಅನ್ನ ಸೇರೂದಿಲ್ಲ ಅನ್ನೂದಷ್ಟ ತಿಳಿತೈತಿ."

ಮೂರನೆಯ ದಿನ ವಿರೂಪಾಕ್ಷನೇ ಹಿಂದಿನ ಬಾಗಿಲಿನಿಂದ ಬಂದ. ಒಂದು ಕೈಯಲ್ಲಿ ಚಾಕಲೇಟಿನ ಡಬ್ಬಿ, ಇನ್ನೊಂದರಲ್ಲಿ ಮೊಬೈಲು. ಒಲೆಯ ಎದುರಿನ ಮಣೆಯ ಮೇಲೆ ಚಿಕ್ಕಂದಿನಂತೆಯೇ ಚಕ್ಕಳಮಕ್ಕಳ ಹಾಕಿ ಕುಳಿತ.

"ಅಣ್ಣಾ, ನಾ ನೋಡೇನಿ ಖರೆ, ತಿಳಕೊಂಡಿಲ್ಲ. ನೀವು ಹೇಳಿಕೊಡ್ರಿ. ಇಲ್ಲಾಂದ್ರ ಮಂದ್ಯಾಗ ನನ್ನ ಮರ್ಯಾದಿ ಹೋಗತೈತಿ."

ಬೇಡಿಕೆಯಲ್ಲಿ ಕಪಟವಿರಲಿಲ್ಲ. ಅದೇ ಮಾಸ್ತರರನ್ನು ಹೆಚ್ಚು ಸುಟ್ಟಿತು. ಆದರೂ ಪಾಠ ಹೇಳುವ ನಾಲಿಗೆ ಸುಮ್ಮನಿರಲಾರದು. ಬೆಲ್ಜಿಯಂನ ಉತ್ತರದಲ್ಲಿ ಡಚ್ಚು, ದಕ್ಷಿಣದಲ್ಲಿ ಫ್ರೆಂಚು, ನಡುವೆ ಬ್ರಸೆಲ್ಸಿನಲ್ಲಿ ಎರಡೂ ಎಂದು ವಿವರಿಸಿದರು. ಲೂವೆನ್ ಎಂಬ ಊರಿನ ಹಳೆಯ ವಿಶ್ವವಿದ್ಯಾಲಯ ಭಾಷೆಯ ಜಗಳದಲ್ಲಿ ಒಡೆದಾಗ ಗ್ರಂಥಾಲಯದ ಪುಸ್ತಕಗಳನ್ನು ಬೆಸ ಸಂಖ್ಯೆಯವು ಒಬ್ಬರಿಗೆ, ಸಮ ಸಂಖ್ಯೆಯವು ಇನ್ನೊಬ್ಬರಿಗೆ ಎಂದು ಹಂಚಿದ್ದನ್ನು ಹೇಳಿದರು.

"ಅಯ್ಯ, ಅವರೂ ನಮ್ಮಂಗ ಪಾಲು ಮಾಡಿಕೊಂಡಾರಲ್ಲ!" ಎಂದು ವಿರೂಪಾಕ್ಷ ತೊಡೆ ತಟ್ಟಿ ನಕ್ಕು, ಮೊಬೈಲನ್ನು ಮುಂದೆ ಹಿಡಿದ. "ಇದೊಂದು ಹೇಳ್ರಿ. ಈ ಊರಿನ ಹೆಸರು ಬಾರ್ಲೆ. ಅರ್ಧ ಓಣಿ ಹಾಲೆಂಡ್, ಅರ್ಧ ಬೆಲ್ಜಿಯಂ. ಕೆಲವು ಮನಿಯೊಳಗ ಗಡಿ ಹಾಯ್ದು ಹೋಗೇತಿ. ಅಂಥಾ ಮನಿ ಯಾವ ದೇಶದ್ದು ಅಂತ ಹೆಂಗ ಗೊತ್ತು ಮಾಡ್ತಾರ? ಗೈಡ್ ಹೇಳಿದ್ಲು, ನಾ ಆವಾಗ ಕರಿದ ಬಟಾಟಿ ತಿನ್ನಾಕ ಹತ್ತಿದ್ದೆ."

ಮಾಸ್ತರರು ನೋಡಿದರು. ಬೀದಿಯ ಕಲ್ಲಿನ ಮೇಲೆ ಬಿಳಿಯ ಗುರುತುಗಳ ಸಾಲು. ಅದು ನೇರವಾಗಿ ಒಂದು ಬಾಗಿಲಿನ ನಡುವೆ ಹಾಯುತ್ತದೆ. ಬಾಗಿಲಿಗೆ ಎರಡು ದೇಶಗಳ ಎರಡು ಮನೆನಂಬರು. ಅದರ ಎದುರಿಗೆ ಆ ಕಡೆಗೊಂದು ಈ ಕಡೆಗೊಂದು ಕಾಲಿಟ್ಟು ಹಲ್ಲು ಕಿರಿಯುತ್ತಿರುವ ತಮ್ಮ. ಆ ಊರಿನ ನಿಯಮ ಮಾಸ್ತರರಿಗೆ ಬಾಯಿಪಾಠವಾಗಿತ್ತು: ತಲೆಬಾಗಿಲು ಯಾವ ದೇಶದಲ್ಲಿ ತೆರೆಯುವುದೋ ಮನೆ ಆ ದೇಶದ್ದು. ಎಷ್ಟೋ ವರ್ಷಗಳ ಹಿಂದೆ ಅದನ್ನು ಓದಿದ ದಿನ ಅವರು ಪುಸ್ತಕ ಮುಚ್ಚಿ ಹಿತ್ತಲಿಗೆ ಹೋಗಿ ಕುಳಿತಿದ್ದರು. ಯಾವ ತರಗತಿಯಲ್ಲೂ ಆ ಒಂದು ಸಂಗತಿಯನ್ನು ಹೇಳಿರಲಿಲ್ಲ.

"ಒಲಿ," ಎಂದರು. "ಒಲಿ ಯಾವ ಕಡೆ ಇರತದೋ ಮನಿ ಆ ದೇಶದ್ದು."

ಆಡಿದ ಮೇಲೆ ಅವರಿಗೇ ಗಾಬರಿಯಾಯಿತು. ವಿರೂಪಾಕ್ಷ ಮಾತ್ರ ಒಲೆಯತ್ತ ಒಮ್ಮೆ ನೋಡಿ, "ಹಂಗೇನು?" ಎಂದು ಸಣ್ಣ ದನಿಯಲ್ಲಿ ಹೇಳಿ, ಬರೆದುಕೊಂಡು ಎದ್ದುಹೋದ. ಗಾಬರಿ ಇಳಿದಂತೆ ಮಾಸ್ತರರಿಗೆ ಬೇರೊಂದು ಬೆಳಕು ಕಂಡಿತು. ಅಧ್ಯಕ್ಷನ ಮಾತು ಕೊನೆಯದು. ಇವನು ಮಂದಿಯ ಎದುರಿಗೆ ಒಲೆ ಎನ್ನಲಿ. ಆಮೇಲೆ ತಾವು ಎದ್ದು, ಬಹಳ ಮೆಲುವಾಗಿ, ನೋಡುವುದು ಬೇರೆ ಅರಿಯುವುದು ಬೇರೆ ಎಂದು ತಿದ್ದುವುದು. ಆ ವಾಕ್ಯವನ್ನು ಅವರು ನಾಲ್ಕು ದಿನ ಮಸೆದರು.

ಸ್ಥಾಪನಾ ದಿನದ ಸಂಜೆ ವಾಚನಾಲಯ ಕಿಕ್ಕಿರಿದಿತ್ತು. ಹದಿನೆಂಟು ವರ್ಷಗಳಲ್ಲಿ ಅಷ್ಟು ಜನ ಒಮ್ಮೆಯೂ ಸೇರಿರಲಿಲ್ಲ. ಮಾಸ್ತರರು ತಲೆಗಳನ್ನು ಎಣಿಸಲು ಹೋಗಿ ಬಿಟ್ಟರು. ವಿರೂಪಾಕ್ಷನಿಗೆ ಭಾಷಣ ಬರುತ್ತಿರಲಿಲ್ಲ, ಕಟ್ಟೆಯ ಮೇಲೆ ಕುಳಿತವನಂತೆ ಮಾತಾಡಿದ.

"ಹಾಲೆಂಡ್‌ದಾಗ ನೆಲಾ ಸಮುದ್ರಕ್ಕಿಂತ ಕೆಳಗ ಐತಿ ಅಂತಾರ. ಹೆಂಗಿರತೈತಿ ಅಂದ್ರ, ಸವದತ್ತಿ ಕಡೆ ನವಿಲುತೀರ್ಥದ ಡ್ಯಾಮಿನ ಗೋಡಿ ಬುಡಕ ನಿಂದರ್ರಿ. ನೀರು ನೆತ್ತಿ ಮ್ಯಾಲ, ನೀವು ಕೆಳಗ. ಅವರು ಅಂಥಾ ಗೋಡಿ ಬುಡಕ ಊರು ಕಟ್ಟಿ, ದನಾ ಮೇಯಿಸಿ, ಹೂವು ಬೆಳೀತಾರ. ಇನ್ನ ಬ್ರೂಜ್ ಅಂತ ಊರು. ಅಲ್ಲಿ ಮುದುಕ್ಯಾರು ಗುಂಡುಪಿನ್ನು ಚುಚ್ಚಿ ನೂಲಿನ ಜಾಳಿಗಿ ಹೆಣೀತಾರ. ನಮ್ಮ ರಾಮದುರ್ಗದ ನೇಕಾರ ನೋಡಿದ್ರ, ಬಾ ಅಕ್ಕಾ, ನಮ್ಮ ಸೀರಿಗೆ ಅಂಚು ಹಾಕು ಅಂತಿದ್ದ!"

ಸಭೆ ನಕ್ಕಿತು. ಮಾಸ್ತರರ ಎದೆಯಲ್ಲಿ ಕೆಂಡ ಹೊರಳಿತು. ಮೂವತ್ತೆಂಟು ವರ್ಷ ಆ ಪಾಠ ಹೇಳಿದರೂ ನವಿಲುತೀರ್ಥದ ಗೋಡೆ ಅವರಿಗೆ ಒಮ್ಮೆಯೂ ಹೊಳೆದಿರಲಿಲ್ಲ.

ಕೊನೆಗೆ ಬಾರ್ಲೆ ಬಂತು. ವಿರೂಪಾಕ್ಷ ಚೀಟಿಯನ್ನು ನೋಡದೆ ಹೇಳಿದ. "ಗಡಿ ಮನಿಯೊಳಗ ಹಾದ್ರ ಮನಿ ಯಾರದು? ನಮ್ಮ ಅಣ್ಣಾರು ಹೇಳ್ಯಾರ, ಒಲಿ ಯಾರ ಕಡೆ ಐತೋ ಅವರದು. ಇದನ್ನ ಕೇಳಿ ಎರಡು ದಿನಾ ನನಗ ಊಟ ರುಚಿಸಲಿಲ್ರಿ. ಮೂವತ್ತೊಂದು ವರ್ಷದ ಹಿಂದ ನಾ ಬಾಗಲಾ ಆರಿಸಿಕೊಂಡೆ. ಅವ್ವನ ಒಲಿ ಅಣ್ಣನ ಕಡೆ ಹೋತು. ಆ ಊರಿನ ಕಾಯ್ದೆ ನೋಡಿದ್ರ ಮನಿ ಎಲ್ಲಾ ಅವರದ. ನಾ ಅವರ ದೇಶದ ಗೇಟಿನ ವಾಚ್‌ಮನ್ ಅಷ್ಟ."

ಚಪ್ಪಾಳೆ ಬಿದ್ದವು. ಹೆಂಗಸರ ಸಾಲಿನಲ್ಲಿ ಶಟ್ಟೆವ್ವ ಸೆರಗಿನಿಂದ ಕಣ್ಣೊರಸಿಕೊಂಡದ್ದು ಮಾಸ್ತರರಿಗೆ ಕಾಣಿಸಿತು. ಪಕ್ಕದಲ್ಲಿ ಕಾಂತೇಶ ವಾಚನಾಲಯದ ವರದಿ ಪುಸ್ತಕದಲ್ಲಿ ದುಂಡಗೆ ಬರೆಯುತ್ತಿದ್ದ: ಮಹಾಂತಪ್ಪ ಮಾಸ್ತರರು ತಿಳಿಸಿದಂತೆ, ಒಲೆ ಇರುವ ಕಡೆಯೇ ಮನೆ.

ಅಧ್ಯಕ್ಷರ ಸರದಿ. ಮಾಸ್ತರರು ಎದ್ದು ಮೇಜನ್ನು ಹಿಡಿದುಕೊಂಡರು. ಮಸೆದಿಟ್ಟ ವಾಕ್ಯ ಬಾಯಲ್ಲಿತ್ತು, ಆದರೆ ಕಡಿಯಲು ಯಾರೂ ಉಳಿದಿರಲಿಲ್ಲ. ಸುಮ್ಮನೆ ಕುಳಿತರೆ ಇಡೀ ಊರಿನ ಎದುರಿಗೆ ತಮ್ಮ ಕೊಟ್ಟ ಮನೆ ಅವರದಾಗಿಯೇ ಉಳಿಯುತ್ತಿತ್ತು. ಆದರೆ ಕೆಳಗೆ, ಅವರ ಹೆಸರಿನ ಪಕ್ಕದಲ್ಲೇ, ಕಾಂತೇಶನ ಅಕ್ಷರದ ಮಸಿ ಒಣಗುತ್ತಿತ್ತು. ಇತಿಹಾಸದ ವಿಷಯದಲ್ಲಿ ಅವರು ತಿಳಿದು ತಿಳಿದು ಸುಳ್ಳು ಹೇಳಿದ್ದು ಅದೊಂದೇ ಸಲ.

"ಕಾಂತೇಶ, ಕಡೀ ಸಾಲು ಹೊಡದು ಹಾಕು," ಎಂದರು. "ಅದು ತಪ್ಪು. ಒಲಿ ಅಲ್ಲ. ತಲಬಾಗಲಾ ಯಾವ ದೇಶದಾಗ ತೆರೀತದೋ ಮನಿ ಆ ದೇಶದ್ದು."

ಹಿಂದಿನಿಂದ ಹಳೆಯ ಶಿಷ್ಯ ರಾಯಪ್ಪ ಕೂಗಿದ: "ವಯಸ್ಸಾತಲ್ರಿ ಸರ, ಮರ್ತೀರಬೇಕು!"

ಅದೊಂದು ಹಿಂದಿನ ಬಾಗಿಲು. ಅವರು ಅದರಲ್ಲಿ ಹೋಗಲಿಲ್ಲ.

"ಮರ್ತಿದ್ದಿಲ್ಲೋ ರಾಯಪ್ಪ. ಬೇಕಂತ ಹೇಳಿದ್ದೆ. ಇವಂಗ ಬಾಗಲಾ ಸಿಕ್ತು, ಪರದೇಶ ಸಿಕ್ತು, ಕಡೀಕ ನನ್ನ ಉಪನ್ಯಾಸನೂ ಸಿಕ್ತು. ನನಗ ತಡಕೊಳ್ಳಾಕ ಆಗಲಿಲ್ಲ."

ವಿರೂಪಾಕ್ಷ ಬಾಯಿ ತೆರೆದು ಅಣ್ಣನನ್ನೇ ನೋಡುತ್ತಿದ್ದ. ಆಮೇಲೆ ಅವನ ಹೊಟ್ಟೆಯಿಂದ ನಗು ಎದ್ದಿತು. "ಅಂದ್ರ ಮನಿ ಎಲ್ಲಾ ನಂದ ಅಂದಂಗಾತಲ್ಲಣ್ಣಾ! ನಾಳೆ ಮುಂಜಾನಿ ಒಲಿ ಖಾಲಿ ಮಾಡ್ರಿ!" ಸಭೆಯೆಲ್ಲ ಹೊಯ್ಯೆಂದು ನಕ್ಕಿತು, ಆ ನಗೆಯಲ್ಲಿ ಮಾಸ್ತರರ ತಪ್ಪೊಪ್ಪಿಗೆ ತೇಲಿ ದಡ ಸೇರಿತು. ತಾವು ಪ್ರಾಣ ಹಿಂಡಿ ಆಡಿದ ಮಾತನ್ನು ಇವನು ಇಷ್ಟು ಹಗುರವಾಗಿ ಎತ್ತಿಕೊಂಡನಲ್ಲ ಎಂದು ಅದಕ್ಕೂ ಅವರಿಗೆ ಹೊಟ್ಟೆ ಉರಿಯಿತು.

ಸಭೆ ಮುಗಿದ ಮೇಲೆ ಅಣ್ಣತಮ್ಮಂದಿರಿಬ್ಬರೂ ಓಣಿಯಲ್ಲಿ ನಡೆದು ಬಂದರು. ಶಟ್ಟೆವ್ವ ಮುಂದೆ ಹೋಗಿ ಸಂದಿಯನ್ನು ಹೊಕ್ಕಿದ್ದಳು. ಮಾಸ್ತರರೂ ಅತ್ತ ತಿರುಗಿದಾಗ ವಿರೂಪಾಕ್ಷ ಕಟ್ಟೆಯ ಮೇಲೆ ನಿಂತು ಕರೆದ.

"ಅಣ್ಣಾ, ಹಿಂಗ ಬರ್ರಿ. ಪಡಸಾಲ್ಯಾಗ ಚಾ ಕುಡದು ಹೋಗ್ರಿ."

"ನಿನ್ನ ದೇಶದಾಗ ಬರಾಕ ಪಾಸ್‌ಪೋರ್ಟ್ ಬೇಕಾಗತದೇನೋ?"

"ನಿಮ್ಮ ಕಡೆ ಇರೂ ಅವ್ವನ ಒಲಿ ಮ್ಯಾಲಿನ ರೊಟ್ಟಿ ನಾಕು ಕೊಡ್ರಿ. ವೀಸಾ ಕೊಡತೇನಿ."

ಮಾಸ್ತರರು ಕಟ್ಟೆಯ ಮೂರು ಮೆಟ್ಟಿಲು ಏರಿದರು. ಮೂವತ್ತೊಂದು ವರ್ಷ ಮುಟ್ಟದ ಕೈ ತಾನಾಗಿ ಮೇಲೆದ್ದು ಹಿತ್ತಾಳೆಯ ಬಳೆಯನ್ನು ಹಿಡಿಯಿತು. ಅದು ತಣ್ಣಗಿತ್ತು. ಹುಣಸೆಹುಳಿ ಹಚ್ಚಿ ತಿಕ್ಕಿ ತೊಳೆದಂತೆ ಹೊಳೆಯುತ್ತಿತ್ತು. ಬಾಗಿಲಿನ ಕೆತ್ತನೆಯ ಸಂದುಗಳಲ್ಲಿ ಕೂಡ ಧೂಳಿನ ಕಣವಿರಲಿಲ್ಲ, ಎಣ್ಣೆಯ ಪಸೆಯಿತ್ತು. ಬಾಗಿಲು ತಮಗೇ ಬಂದಿದ್ದರೆ ತಾವು ಇಷ್ಟು ಜತನದಿಂದ ಇಟ್ಟುಕೊಳ್ಳುತ್ತಿರಲಿಲ್ಲ ಎಂಬುದು ಅವರಿಗೆ ಖಚಿತವಾಗಿ ಗೊತ್ತಾಯಿತು.

ಅದನ್ನೂ ಸಹಿಸುವುದು ಅವರಿಗೆ ಸುಲಭವಾಗಿರಲಿಲ್ಲ. ಬಳೆಯನ್ನು ಬಿಟ್ಟು, ತಲೆ ಬಾಗಿಸಿ, ಹೊಸ್ತಿಲು ದಾಟಿದರು.