ಸೊಸಿ ಅಂದ್ರೇನು?

ಗೋದುಬಾಯಿಯ ಕಾಯಿಲೆ ಎರಡು ವರ್ಷ ಯಾರ ಕಣ್ಣಿಗೂ ಬೀಳದೆ ಉಳಿದದ್ದಕ್ಕೆ ಕಾರಣ ಅವಳ ಸೊಸೆ ದ್ರಾಕ್ಷಾಯಣಿಯ ಜಾಣತನ. ಹುಬ್ಬಳ್ಳಿಯ ಡಾಕ್ಟರರೇ ಈ ಮಾತು ಹೇಳಿದರು. ಹೊಗಳಿಕೆಯ ಧಾಟಿಯಲ್ಲಂತೂ ಅಲ್ಲ.

ದಾಂಡೇಲಿಯ ಅಂಬೇವಾಡಿಯ ಆ ಮನೆಗೆ ದ್ರಾಕ್ಷಾಯಣಿ ಮದುವೆಯಾಗಿ ಬಂದ ದಿನದಿಂದಲೂ ಅತ್ತೆಯ ಅಪ್ಪಣೆಗಳಲ್ಲಿ ವಸ್ತುಗಳಿಗೆ ಹೆಸರೇ ಇರುತ್ತಿರಲಿಲ್ಲ. “ಅದನ್ನ ತಾ.” “ಇದನ್ನ ಅದರಾಗ ಹಾಕು.” “ಅಲ್ಲಿದ್ದದ್ದು ಇಲ್ಲ್ಯಾಕ ಬಂತು?” ಯಾವುದು ಎಂದು ಕೇಳಿದರೆ ಮುಗಿಯಿತು. “ನಿಮ್ಮವ್ವ ಇಷ್ಟೂ ಕಲಿಸಿಲ್ಲೇನು?” ಎಂಬ ಪ್ರಶ್ನೆ ದ್ರಾಕ್ಷಾಯಣಿಯ ತವರಿನ ತನಕ ಹೋಗಿ, ಅಲ್ಲಿಯ ಮೂರು ತಲೆಮಾರು ಮುಟ್ಟಿ ಬರುತ್ತಿತ್ತು. ಹಾಗಾಗಿ ಅವಳು ಕೇಳುವುದನ್ನು ಬಿಟ್ಟು ನೋಡುವುದನ್ನು ಕಲಿತಳು. ಅತ್ತೆಯ ಕಣ್ಣು ಒಲೆಯ ಕಡೆ ತಿರುಗಿದರೆ ಇಕ್ಕಳ, ಕೈ ಸೊಂಟಕ್ಕೆ ಹೋದರೆ ಎಲೆಅಡಿಕೆಯ ಚೀಲ, ಮೂಗು ಅರಳಿದರೆ ಹಾಲು ಉಕ್ಕುವ ಹೊತ್ತು. ಇಕ್ಕಳ ಎಂಬುದು ಗೋದುಬಾಯಿಯ ತಲೆಯಿಂದ ಯಾವಾಗ ಹೊರಟುಹೋಯಿತೋ ದೇವರಿಗೇ ಗೊತ್ತು. “ಅದು” ಎಂದ ಕೂಡಲೇ ಅದು ಕೈಗೆ ಬರುತ್ತಲೇ ಇತ್ತು.

ಕಾಯಿಲೆ ಸಿಕ್ಕಿಬಿದ್ದದ್ದು ಒಂದು ಲಿಂಬೆಹಣ್ಣಿನಿಂದ. ಅವಲಕ್ಕಿಗೆ ಹಿಂಡಲೆಂದು ಮುಂದಿಟ್ಟ ಹಣ್ಣನ್ನು ಗೋದುಬಾಯಿ ತಿರುಗಿಸಿ ನೋಡಿದಳು, ಪೇರಲಹಣ್ಣು ಕಚ್ಚಿದಂತೆ ಸಿಪ್ಪೆಸಮೇತ ಕಚ್ಚಿದಳು. ಮುಖವೆಲ್ಲ ಮುದುಡಿತು. ಆದರೆ ಸೋಲೊಪ್ಪುವ ಹೆಂಗಸಲ್ಲ, ಅಗಿಯತೊಡಗಿದಳು.

“ಅತ್ತೀ! ಅದು ಲಿಂಬಿಹಣ್ಣು ರೀ!”

“ಲಿಂಬಿಹಣ್ಣು ಅಂದ್ರ?”

ದ್ರಾಕ್ಷಾಯಣಿ ನಕ್ಕಳು. ನಕ್ಕ ಮೇಲೆ ಅವಳಿಗೆ ಹೊಳೆಯಿತು, ಅತ್ತೆ ಈ ಮನೆಯಲ್ಲಿ ಎಂದೂ ತಮಾಷೆ ಮಾಡಿದವಳಲ್ಲ.

ಹುಬ್ಬಳ್ಳಿಯಲ್ಲಿ ಡಾಕ್ಟರು ಚಿತ್ರಗಳನ್ನು ತೋರಿಸುತ್ತ ಹೋದರು. ಆಕಳು ತೋರಿಸಿದರೆ ಗೋದುಬಾಯಿ “ನಾಯಿ” ಎಂದಳು. ಒಂಟೆಯೂ ನಾಯಿ. ಮೊಸಳೆಯ ಚಿತ್ರ ಬಂದಾಗ ಸ್ವಲ್ಪ ಯೋಚಿಸಿ, “ಇದೂ ನಾಯೀನ, ಖರೇ ಸಾಕಿದವ್ರು ಹೊಟ್ಟಿಗೆ ಹಾಕಿಲ್ಲ” ಎಂದಳು.

ದ್ರಾಕ್ಷಾಯಣಿ ಗಾಬರಿಯಿಂದ ನಡುವೆ ಬಾಯಿ ಹಾಕಿದಳು. “ಡಾಕ್ಟರ್ರ, ನಮ್ಮೂರ ಹೊಳ್ಯಾಗ ಇವು ಅದಾವ್ರೀ. ಬಾ ಬಾ ಅಂತ ರೊಟ್ಟಿ ಹಾಕಾಕ ಹೋದ್ರ ಹೆಂಗ್ರೀ?”

ಅದೇ ಗೋದುಬಾಯಿ, ನಿನ್ನೆ ಮನೆಗೆ ಯಾರು ಬಂದಿದ್ದರು, ಇವತ್ತು ಯಾವ ಬಸ್ಸಿಗೆ ಬಂದಿರಿ, ಕಂಡಕ್ಟರ್ ಯಾರ ಜೊತೆ ಜಗಳಾಡಿದ ಎಂಬುದನ್ನೆಲ್ಲ ತಪ್ಪಿಲ್ಲದೆ ಹೇಳಿದಳು. ಡಾಕ್ಟರು ಬಿಡಿಸಿ ಹೇಳಿದರು: ಇದು ಎಲ್ಲರಿಗೂ ಗೊತ್ತಿರುವಂಥ ಮರೆವಲ್ಲ. ನಿನ್ನೆ ಮೊನ್ನೆಯದು ನೆಟ್ಟಗಿದೆ, ದಾರಿ ಗೊತ್ತು, ಮನೆಯವರ ಗುರುತು ಸದ್ಯಕ್ಕಿದೆ. ಯಾವ ವಸ್ತು ಏನು, ಯಾವ ಮಾತಿಗೆ ಏನರ್ಥ ಎಂಬುದು ಮಾತ್ರ ಒಂದೊಂದಾಗಿ ಅಳಿಸಿಹೋಗುತ್ತಿದೆ. ಬಹಳ ಹಿಂದಿನದೂ ಮಸುಕಾಗುತ್ತದೆ. ತಡೆಯುವ ಔಷಧವಿಲ್ಲ. “ಇಷ್ಟು ದಿನ ಅವರು ಕೇಳೂದರೊಳಗ ನೀವು ಕೊಟ್ಟು ಕೊಟ್ಟು ಮುಚ್ಚಿಟ್ಟೀರಿ” ಎಂದರು. ಮೂವತ್ತು ವರ್ಷ ಬೈಸಿಕೊಂಡು ಕಲಿತ ವಿದ್ಯೆ ಇಲ್ಲಿಗೆ ಬಂದು ನಿಂತಿತಲ್ಲ ಎಂದು ದ್ರಾಕ್ಷಾಯಣಿಗೆ ಅಳುವೂ ಬಂತು, ನಗುವೂ ಬಂತು.

ಒಂದು ಬೆಳಿಗ್ಗೆ ಪಕ್ಕದ ಮನೆಯ ಬದರುನ್ನಿಸಾ ಬಟ್ಟೆ ಒಣಹಾಕುತ್ತ, “ಅಮ್ಮಾ, ನಿಮ್ಮ ಸೊಸಿ ನಿಮ್ಮನ್ನ ಭಾಳ ಛಲೋ ನೋಡ್ಕೋತಾಳ” ಎಂದಳು.

ಗೋದುಬಾಯಿ ಕಟ್ಟೆಯ ಮೇಲೆ ಕುಳಿತಿದ್ದಳು. “ಸೊಸಿ ಅಂದ್ರೇನು?”

ಬದರುನ್ನಿಸಾಳ ಕೈಯ ಒದ್ದೆ ಚಾದರ ಜಾರಿತು. “ಯಾ ಅಲ್ಲಾ! ದ್ರಾಕ್ಷಾಯಣಕ್ಕಾ, ಓಡಿ ಬಾ. ನಿನ್ನ ನಸೀಬ ತೆರೀತು. ಯಾರೂ ಈ ಅಮ್ಮಗ ನೆನಪ ಮಾಡಿ ಕೊಡಬ್ಯಾಡ್ರಿ!”

ಗೋದುಬಾಯಿ ಸೊಸೆಯ ಮುಖ ನೋಡಿದಳು. ತಿಳಿಯದ್ದನ್ನು ತಿಳಿಯಬೇಕೆಂಬ ಮಗುವಿನಂಥ ನೋಟ. ದ್ರಾಕ್ಷಾಯಣಿ ಬಾಯಿ ತೆರೆದಳು. ಮಗನ ಹೆಂಡತಿ ಎಂದು ಹೇಳಬಹುದಿತ್ತು. ಆದರೆ ನಾಲಿಗೆಗೆ ತನ್ನದೇ ಬುದ್ಧಿ ಬಂದುಬಿಟ್ಟಿತು.

“ಸೊಸಿ ಅಂದ್ರ, ಮನ್ಯಾಗ ಎಲ್ಲಾರಕಿಂತ ಮೊದಲ ಚಾ ಕುಡಿಯಾಕಿ ರೀ.”

“ಹೌದಾ? ಹಂಗಾರ ನೀ ಕುಡದೇನು?”

“ಇನ್ನೂ ಇಲ್ಲ್ರಿ.”

“ಮತ್ತ! ಹೊತ್ತ ಎಷ್ಟಾತು!” ಗೋದುಬಾಯಿ ಎದ್ದು ಒಳಗೆ ಹೋದಳು. ಒಲೆ ಹಚ್ಚುವುದು ಕೈಗಿನ್ನೂ ಗೊತ್ತಿತ್ತು. ಸಕ್ಕರೆ ಯಾವುದು, ಉಪ್ಪು ಯಾವುದು ಎಂಬುದು ಮಾತ್ರ ಗೊತ್ತಿರಲಿಲ್ಲ. ಆ ಉಪ್ಪಿನ ಚಹಾವನ್ನು ದ್ರಾಕ್ಷಾಯಣಿ ತಟ್ಟೆಯಲ್ಲಿ ಒಂದು ಹನಿ ಬಿಡದೆ ಕುಡಿದಳು. ಆ ಮನೆಯಲ್ಲಿ ಬೇರೊಬ್ಬರು ಮಾಡಿ ಕೈಗೆ ಕೊಟ್ಟ ಮೊದಲ ಚಹಾ ಅದು.

ಅಂದಿನಿಂದ ಇಬ್ಬರೂ ಗೆಳತಿಯರಾದರು. ಬೇರೆ ಶಬ್ದವಿಲ್ಲ ಅದಕ್ಕೆ. ಅತ್ತೆಯೆಂದರೆ ಏನು, ಸೊಸೆಯೆಂದರೆ ಏನು ಎಂಬುದು ಅಳಿಸಿದ ಮೇಲೆ ಉಳಿದದ್ದು ಒಂದೇ ಅಡುಗೆಮನೆಯಲ್ಲಿ ಕುಳಿತ ಇಬ್ಬರು ಹೆಂಗಸರು. ಅವರೆಕಾಯಿ ಸುಲಿಯುತ್ತ ದ್ರಾಕ್ಷಾಯಣಿ ಯಾರಿಗೂ ಹೇಳದ್ದನ್ನು ಹೇಳತೊಡಗಿದಳು. ತವರಿಗೆ ಹೋಗಲು ಬಿಡದಿದ್ದದ್ದು, ಬಚ್ಚಲಲ್ಲಿ ನೀರು ಬಿಟ್ಟುಕೊಂಡು ಅತ್ತದ್ದು.

“ಯಾವಾಕಿ ಅಕಿ, ನಿನ್ನ ಇಷ್ಟ ಕಾಡಿದಾಕಿ?” ಗೋದುಬಾಯಿ ಸಿಟ್ಟಾಗುತ್ತಿದ್ದಳು.

“ಇದ್ಲು ರೀ ಒಬ್ಬಾಕಿ.”

“ಕೈಗೆ ಸಿಗಲಿ, ತಿರುಗಿ ನೋಡಧಂಗ ಮಾಡ್ತೇನಿ!”

ಹೀಗಿರುವಾಗ ಹಳಿಯಾಳದಿಂದ ನೀಲಕ್ಕ ಬಂದಳು. ನೀಲಕ್ಕ ಗೋದುಬಾಯಿಯ ಹಿರಿಮಗಳು, ಬಾಗಿಲಲ್ಲೇ ತಪ್ಪು ಹುಡುಕುವ ಕಣ್ಣು ಅವಳದು. ಒಳಗೆ ಬಂದು ನೋಡಿದರೆ ಕಾಯಿಲೆಯ ತಾಯಿ ಒಲೆಯ ಮುಂದೆ ನಿಂತಿದ್ದಾಳೆ, ಸೊಸೆ ಕಾಲು ಚಾಚಿ ಕುಳಿತಿದ್ದಾಳೆ.

“ಛಲೋ ಆತವಾ ದ್ರಾಕ್ಷಾಯಣಿ! ನಮ್ಮವ್ವನ ಕೈಲೆ ಚಾ ಮಾಡಿಸ್ಕೊಂಡ ಕುಡೀತಿ?”

“ಸುಮ್ಮನಿರ ನೀಲಾ,” ಎಂದಳು ಗೋದುಬಾಯಿ. “ಈಕಿ ಮೊದಲ ಕುಡೀಬೇಕು. ಅದು ಪದ್ಧತಿ.”

ಪದ್ಧತಿ ಎಲ್ಲಿಂದ ಬಂತೆಂದು ನೀಲಕ್ಕನಿಗೆ ತಿಳಿಯಲು ಹೊತ್ತು ಹಿಡಿಯಲಿಲ್ಲ. ಸಂಜೆಯ ಬಸ್ಸಿಗೆ ತಾಯಿಯನ್ನು ಕರೆದುಕೊಂಡು ಹೊರಟೇಬಿಟ್ಟಳು. ಮಿಲ್ಲಿನಿಂದ ಬಂದ ದ್ರಾಕ್ಷಾಯಣಿಯ ಗಂಡ ದುಂಡೇಶ ಅಕ್ಕನೆದುರು ಎಂದೂ ಬಾಯಿ ತೆರೆದವನಲ್ಲ. ದ್ರಾಕ್ಷಾಯಣಿಯೂ ತಡೆಯಲಿಲ್ಲ. ಯಾವ ಬಾಯಿಂದ ತಡೆದಾಳು? ಹಿಂದೊಮ್ಮೆ, ಅತ್ತೆ ಮಗಳ ಮನೆಗೆ ಹೋಗಿ ಇರಲೆಂದು ಉಳವಿಯ ದೇವರಿಗೆ ಹರಕೆ ಹೊತ್ತವಳೇ ಅವಳು.

ಮರುದಿನ ತನಗೆ ಬೇಕಾದಷ್ಟು ಖಾರ ಹಾಕಿ ಬದನೆಕಾಯಿ ಪಲ್ಯ ಮಾಡಿದಳು. ತಲೆಗೆ ಎಣ್ಣೆ ಹಚ್ಚಿಕೊಂಡಳು. ಮಧ್ಯಾಹ್ನ ಮಲಗಿದಳು. ಎದ್ದು, “ಅತ್ತೀ, ಬದರುನ್ನಿಸಾನ ಕೋಳಿ ಮತ್ತ ನಮ್ಮ ಹಿತ್ತಲಾಗ ತತ್ತಿ ಇಟ್ಟೈತಿ” ಎಂದು ಖಾಲಿ ಕೋಣೆಗೆ ಹೇಳಿದಳು. ಹೇಳಿ, ಅಲ್ಲೇ ನಿಂತಳು.

ವಾರ ಕಳೆಯುವುದರೊಳಗೆ ಫೋನ್ ಬಂತು. ಗೋದುಬಾಯಿಯ ದನಿ ಗಂಭೀರವಾಗಿತ್ತು.

“ದ್ರಾಕ್ಷಾಯಣೀ, ನೀ ಹೇಳಿದ್ದು ತಪ್ಪಂತ. ಸೊಸಿ ಅಂದ್ರೇನು ಅಂತ ತಾಯವ್ವ ನನಗ ಕಲಿಸಾಕತ್ತಾಳ.”

ತಾಯವ್ವ ನೀಲಕ್ಕನ ಅತ್ತೆ. ಎಂಬತ್ತು ದಾಟಿದರೂ ನೆನಪು ಕತ್ತಿಯಂತೆ. ನೀಲಕ್ಕ ಮದುವೆಯಾದ ವರ್ಷ ಒಡೆದ ಉಪ್ಪಿನಕಾಯಿ ಭರಣಿಯನ್ನು ಇವತ್ತಿಗೂ ಊಟದ ಹೊತ್ತಿಗೆ ನೆನೆಯುವ ಹೆಂಗಸು. ಅಂಥವಳ ಶಾಲೆಗೆ ಅತ್ತೆ ಸೇರಿದ್ದಾಳೆ! ಪಾಠ ಮುಗಿಸಿ ಬಂದರೆ ಹಳೆಯ ಗೋದುಬಾಯಿ ಬರುತ್ತಾಳೆ. ಗೆಳತಿ ಬರುವುದಿಲ್ಲ.

ಸೀರೆ ಬದಲಿಸಿ ಹೊರಟವಳನ್ನು ದುಂಡೇಶ ಬಾಯಿಬಿಟ್ಟು ನೋಡಿದ. “ನಮ್ಮವ್ವನ್ನ ಕರ್ಕೊಂಡ ಬರಾಕ ನೀ ಹೊಂಟಿ? ಜ್ವರಾ ಬಂದಾವೇನು?”

ಹಳಿಯಾಳದ ಮನೆಯ ಪಡಸಾಲೆಯಲ್ಲಿ ಪಾಠ ನಡೆದೇ ಇತ್ತು. ತಾಯವ್ವ ಹಗ್ಗದ ಹೊರಸಿನ ಮೇಲೆ, ಗೋದುಬಾಯಿ ಎದುರಿಗೆ ಕುರ್ಚಿಯ ಮೇಲೆ.

“ಹೇಳ ಬೀಗತೀ, ಸೊಸಿ ಅಂದ್ರ?”

“ಹಾಲಿಗೆ ನೀರ ಹಾಕ್ತಾಳ. ತವರಿಗೆ ಬೆಲ್ಲಾ ಸಾಗಸ್ತಾಳ. ಮಗನ ಕಿವಿ ಊದತಾಳ.”

“ಮತ್ತ?”

“ಚಾವಿ ಕೊಡಬಾರದು.”

“ಶಾಣ್ಯಾಕಿ!”

ಅಡುಗೆಮನೆಯ ಬಾಗಿಲಲ್ಲಿ ಚಹಾದ ತಾಟು ಹಿಡಿದು ನಿಂತ ನೀಲಕ್ಕನ ಮುಖ ಇಳಿದುಹೋಗಿತ್ತು. ದ್ರಾಕ್ಷಾಯಣಿಯನ್ನು ಕಂಡು ಜಗಳಕ್ಕೂ ಬರಲಿಲ್ಲ. “ಒಬ್ಬಾಕೀನ್ನ ತಡಕೊಳ್ಳೂದ ಸಾಕಾಗಿತ್ತು,” ಎಂದು ಪಿಸುಗುಟ್ಟಿದಳು. “ಈಗ ನನ್ನ ಹಡದವ್ವನೂ ನನ್ನ ಹಾಲಿನ ಪಾತೇಲಿ ಬಗ್ಗಿ ಬಗ್ಗಿ ನೋಡ್ತಾಳ.”

ಅಷ್ಟರಲ್ಲಿ ತಾಯವ್ವನ ಕಣ್ಣು ಬಾಗಿಲಿಗೆ ಬಿತ್ತು. “ನೋಡಲ್ಲಿ, ಬಂದ್ಲು ನಿನ್ನ ಸೊಸಿ!”

ಗೋದುಬಾಯಿ ತಿರುಗಿದಳು. ದ್ರಾಕ್ಷಾಯಣಿಯನ್ನು ಮೇಲಿನಿಂದ ಕೆಳಗಿನತನಕ ನೋಡಿದಳು. ಮದುವೆಗೆ ಮುಂಚೆ ಹೆಣ್ಣು ನೋಡಲು ಬಂದಾಗಲೂ ದ್ರಾಕ್ಷಾಯಣಿ ಇಷ್ಟು ಹೆದರಿರಲಿಲ್ಲ.

“ಛೇ!” ಎಂದಳು ಗೋದುಬಾಯಿ. “ಈಕಿ ಎಲ್ಲಿ ಸೊಸಿ? ಈಕಿ ದ್ರಾಕ್ಷಾಯಣಿ.”

“ಅದನ್ನ ಹೇಳಾಕತ್ತೇನಿ. ದ್ರಾಕ್ಷಾಯಣೀನ ನಿನ್ನ ಸೊಸಿ.”

ಗೋದುಬಾಯಿ ಬೀಗತಿಯನ್ನು ಕನಿಕರದಿಂದ ನೋಡಿದಳು. “ವಯಸ್ಸಾತು, ತಾಯವ್ವಾ. ನಿನಗ ಮರವು ಬರಾಕತ್ತೈತಿ.”

ತಾಯವ್ವನ ಬಾಯಿ ಕಟ್ಟಿದ್ದನ್ನು ನೀಲಕ್ಕ ತನ್ನ ಸಂಸಾರದಲ್ಲಿ ಮೊದಲ ಸಲ ಕಂಡಳು. ತಾಟು ಕೆಳಗಿಟ್ಟು, ಸೆರಗು ಬಾಯಿಗೆ ಒತ್ತಿಕೊಂಡು ಒಳಗೆ ಓಡಿದಳು. ಗೋದುಬಾಯಿ ಆಗಲೇ ಎದ್ದು ಸೀರೆಗಳನ್ನು ಚೀಲಕ್ಕೆ ತುರುಕುತ್ತಿದ್ದಳು. ಸೊಸಿ ಎಂಬ ಅಂಥ ಹೆಂಗಸು ದಾಂಡೇಲಿಯ ಮನೆಯಲ್ಲಿರುವುದು ನಿಜವೇ ಆದರೆ, ದ್ರಾಕ್ಷಾಯಣಿಯನ್ನು ಅಲ್ಲಿ ಒಬ್ಬಳನ್ನೇ ಬಿಡುವುದು ಹೇಗೆ?

“ಕರ್ಕೊಂಡ ಹೋಗವಾ,” ಎಂದಳು ನೀಲಕ್ಕ, ನಕ್ಕು ಒದ್ದೆಯಾದ ಕಣ್ಣು ಒರೆಸಿಕೊಳ್ಳುತ್ತ. “ಇಲ್ಲೇ ಬಿಟ್ರ ನಮ್ಮತ್ತಿ ಆಕೀನ್ನ ಮೊದಲಿನಂಗ ಮಾಡಿಬಿಡ್ತಾಳ.”

ಬಸ್ಸಿನಲ್ಲಿ ಗೋದುಬಾಯಿ ಕಿಟಕಿಯ ಪಕ್ಕ ಕೂರಲಿಲ್ಲ. ದ್ರಾಕ್ಷಾಯಣಿಯನ್ನು ಒಳಗೆ ಕೂರಿಸಿ, ತಾನು ದಾರಿಗೆ ಅಡ್ಡವಾಗಿ ಕುಳಿತಳು. ಹತ್ತುವ ಪ್ರತಿ ಹೆಂಗಸನ್ನೂ ಸಂಶಯದಿಂದ ನೋಡುತ್ತಿದ್ದಳು. ಕಾಡು ಶುರುವಾದ ಮೇಲೆ ಹತ್ತಿರ ಸರಿದು ಕೇಳಿದಳು:

“ಆ ಸೊಸಿ ಅನ್ನಾಕೀನ್ನ ನೀ ನೋಡಿಯೇನು?”

“ನೋಡೇನ್ರಿ, ಅತ್ತಿ,” ಎಂದಳು ದ್ರಾಕ್ಷಾಯಣಿ. “ಅಷ್ಟೇನು ಕೆಟ್ಟಾಕಿ ಇದ್ದಿಲ್ಲ್ರಿ ಅಕಿ.”

“ನಿನಗ ತಿಳ್ಯಾಂಗಿಲ್ಲ,” ಎಂದು ಗೋದುಬಾಯಿ ಅವಳ ಕೈ ಹಿಡಿದುಕೊಂಡಳು. “ನೀ ಭಾಳ ಸಾಧು ಅದಿ.”