ಕಾಫಿಯಲ್ಲಿ ತೊಳೆದ ದೊರೆ

ಹಸನ್‌ನ ಹೊಟ್ಟೆಕಿಚ್ಚಿಗೆ ಹೆಸರಿತ್ತು, ಊರಿತ್ತು, ಉದ್ಯೋಗವೂ ಇತ್ತು: ಗುರುವಯ್ಯ, ಮಲ್ಲಂದೂರು, ಕಾಫಿ ಎಸ್ಟೇಟಿನ ಲೆಕ್ಕ ಬರೆಯುವ ರೈಟರು. ಸಣ್ಣವರಿದ್ದಾಗ ಇಬ್ಬರೂ ಒಂದೇ ಬೆಂಚು. ಆಮೇಲೆ ಹಸನ್ ಶಾಲೆ ಬಿಟ್ಟು ಗ್ಯಾರೇಜಿನ ಗ್ರೀಸಿಗೆ ಬಿದ್ದ, ಗುರುವಯ್ಯ ಇಂಗ್ಲಿಷು ಕಲಿತ. ಯುದ್ಧಕ್ಕೆ ಹೊರಟ ಎಸ್ಟೇಟಿನ ಹಳೇ ಬಿಳಿ ದೊರೆ ತನ್ನ ಸಿನಿಮಾ ಕ್ಯಾಮೆರಾ, ಪ್ರೊಜೆಕ್ಟರು ಬಿಟ್ಟುಹೋದದ್ದು ಯಾರಿಗೆ? ಅದರ ಸ್ಪ್ರಿಂಗ್ ರಿಪೇರಿ ಮಾಡಿಕೊಟ್ಟ ಹಸನ್‌ಗಲ್ಲ. 'ಥ್ಯಾಂಕ್ಯೂ ಸರ್' ಅನ್ನಲು ಬರುತ್ತಿದ್ದ ಗುರುವಯ್ಯನಿಗೆ.

ಗುರುವಯ್ಯನ ಸಿನಿಮಾದಲ್ಲಿ ರಾಜನಿಲ್ಲ, ರಾಣಿಯಿಲ್ಲ, ಕತೆಯೂ ಇಲ್ಲ. ಹಣ್ಣು ಕೊಯ್ಯುವ ಕೈ, ಮೇಸ್ತ್ರಿಯ ಬೆತ್ತ, ಕುದುರೆ ಮೇಲೆ ಹೊಸ ದೊರೆ, ಅಷ್ಟೆ. ಯುದ್ಧದಲ್ಲಿ ಫಿಲಂ ತೊಳೆಯುವ ಮದ್ದು ಸಿಗದೆ, ಗುರುವಯ್ಯ ಕಡು ಕಾಫಿಗೆ ಅಗಸರ ಸೋಡಾ ಬೆರೆಸಿ, ಕಿಟಕಿಯಿಲ್ಲದ ಗೋಡೌನಿನ ಕತ್ತಲಲ್ಲಿ ಅದ್ದುತ್ತಿದ್ದ. ತೊಳೆದ ಫಿಲಮ್ಮಿನಲ್ಲಿ ಬಿಳಿಯದು ಕಪ್ಪಾಗಿ, ಕಪ್ಪು ಬಿಳಿಯಾಗಿ ಬರುತ್ತದೆ. ಅದರಿಂದ ಬೇರೆ ಪ್ರಿಂಟ್ ತೆಗೆಯಬೇಕು. ಇವನು ತೆಗೆಯಲಿಲ್ಲ, ಹಾಗೇ ತೋರಿಸಿದ. ಪರದೆ ಮೇಲೆ ದೊರೆ ಹಂಡೆಯ ತಳದಷ್ಟು ಕಪ್ಪು, ಆಳುಗಳು ಬೆಳ್ಳಗೆ! ದೊರೆಯ ಬಂಗಲೆಗೆ ಸುದ್ದಿ ಮುಟ್ಟದಂತೆ ಭಾನುವಾರ ಅದೇ ಗೋಡೌನಿನ ಬಾಗಿಲಿಕ್ಕಿಕೊಂಡು ಜನ ಹೊಟ್ಟೆ ಹಿಡಿದು ನಕ್ಕರು. ಕಳಸ, ಸಂಸೆಯಿಂದ ಹುಡುಗರು 'ಗುರುಗಳೇ' ಅಂತ ಕಲಿಯಲು ಬರತೊಡಗಿದರು. ಪ್ರೊಜೆಕ್ಟರು ತಿರುಗಿಸುವ ಹಸನ್‌ಗೆ ಒಂದು ಲೋಟ ಕಾಫಿ ಕೊಟ್ಟವರಿಲ್ಲ.

ಎರಡನೇ ಸಿನಿಮಾ ಕಾಫಿಯಲ್ಲಿ ನೆನೆಯುತ್ತಿದ್ದಾಗ ಹಸನ್ ಗೋಡೌನಿನ ಬಾಗಿಲು ಸೆಳೆದು, ರೆಪ್ಪೆ ಬಡಿಯುವಷ್ಟರಲ್ಲಿ ಮುಚ್ಚಿ ಓಡಿದ. ಬಿಸಿಲು ಬಿದ್ದು ಹಾಳಾಗಿ ಹೋಗಲಿ ಅವನ ಸಿನಿಮಾ!

ಹಾಳಾಗಲಿಲ್ಲ. ಆ ಒಂದು ಕ್ಷಣದ ಬೆಳಕು ತಾಗಿದ್ದಕ್ಕೆ, ಭಾನುವಾರ ಪರದೆ ಮೇಲೆ ದೊರೆ ಕಪ್ಪಿನಿಂದ ಬಿಳಿಗೆ, ಬಿಳಿಯಿಂದ ಕಪ್ಪಿಗೆ ಗೋಸುಂಬೆಯಂತೆ ತಿರುಗಿದ. ಬೆತ್ತದ ಸುತ್ತ ಬೆಂಕಿಯ ಗೆರೆ ಹೊತ್ತಿತು. ಗೋಡೌನು ಕೇಕೆ ಹಾಕಿತು.

"ಇದ್ ಹೆಂಗ್ ಮಾಡಿದ್ರಿ ರೈಟ್ರೇ?" ಹಣ್ಣು ಕೊಯ್ಯುವ ಮುದ್ದಮ್ಮ ಕೇಳಿದಳು.

"ನಂದೇನಿಲ್ಲ ಕಣಮ್ಮ. ಗಾಳಿಗೆ ಬಾಗಿಲು ತೆಕ್ಕೊಳ್ತು."

ಆ ವಿನಯ ಹಸನ್‌ನ ಕಣ್ಣಿಗೆ ಮೆಣಸಿನಪುಡಿ.

"ಗಾಳಿ ಅಲ್ಲ, ನಾನು! ತೆಗ್ದಿದ್ದು ನಾನು!"

"ಅಯ್ಯೋ ಸಾಬ್ರೇ, ನಾಳೆ ಸೂರ್ಯನ್ನೂ ನಾನೇ ಹಚ್ಚಿದ್ದು ಅಂತೀರಿ!"

"ಹಾಳ್ ಮಾಡಕ್ಕೇ ತೆಗ್ದಿದ್ದು!"

"ಹೊಟ್ಟೆ ಉರೀಗೆ ಸುಳ್ಳು ಬೇರೆ," ಅಂದಳು ಮುದ್ದಮ್ಮ. ಎಲ್ಲರೂ ನಕ್ಕರು. ಗುರುವಯ್ಯ ಮಾತ್ರ ನಗಲಿಲ್ಲ.

ಮುಂದಿನ ಸಿನಿಮಾ ಅದ್ದುವ ದಿನ ಅವನೇ ಗ್ಯಾರೇಜಿಗೆ ಬಂದ. "ನಾನು ತೆಗ್ದು ನೋಡ್ದೆ, ಎಲ್ಲ ಮಸಿ ಆಗೋಯ್ತು. ಎಷ್ಟು ಬೆಳಕು ಬಿಡ್ಬೇಕು ಅಂತ ನಿಂಗೇ ಗೊತ್ತು. ಹೊರಗೆ ನಿಂತ್ಕೊ ಮಾರಾಯ, ಕೂಗ್ತೀನಿ."

ಹಸನ್‌ಗೂ ಗೊತ್ತಿರಲಿಲ್ಲ. ಗೊತ್ತಿದೆ ಅಂತ ಅವನು ನಂಬಿದನಲ್ಲ, ಅಷ್ಟೇ ಸಾಕಿತ್ತು.

"ಈಗ ತೆಗಿ!" ಗೋಡೌನಿನ ಒಳಗಿನಿಂದ ಕೂಗು ಬಂತು.

ಹಸನ್ ಚಿಲಕ ಹಿಡಿದ. "ಪರದೆ ಮೇಲೆ ಯಾರ ಹೆಸರು?"

"ಯಾರದ್ದೂ ಇಲ್ಲ ಮಾರಾಯ! ಹೆಸರು ಹಾಕಿದ್ರೆ ಪೊಲೀಸ್ರು ಎಳ್ಕೊಂಡ್ ಹೋಗ್ತಾರೆ. ತೆಗಿ!"

"ಎಳ್ಕೊಂಡ್ ಹೋಗ್ಲಿ. ನನ್ನ ಹೆಸರು ಹಾಕು. ನಂದೊಂದೇ."

"ಆಯ್ತು, ನಿಂದೊಂದೇ. ಹೊತ್ತು ಮೀರಿದ್ರೆ ಫಿಲಂ ಹಾಳಾಗ್ತದೆ, ತೆಗಿಯೋ!"

ಅಷ್ಟು ಸಲೀಸಾಗಿ ಕೊಟ್ಟುಬಿಟ್ಟನಲ್ಲ! ಇಷ್ಟು ವರ್ಷ ಯಾವುದಕ್ಕೆ ಹಸನ್‌ನ ಕರುಳು ಬೆಂದಿತೋ ಅದು ಆ ಬಡ್ಡಿಮಗನಿಗೆ ಬೇಕೇ ಇರಲಿಲ್ಲ. ಕ್ಯಾಮೆರಾ ಕಸಿಯಬಹುದು, ಹೆಸರು ಕಸಿಯಬಹುದು. ಬೇಡ ಅನ್ನುವ ಆ ಸೊಕ್ಕನ್ನು ಕಸಿಯುವುದು ಹೇಗೆ?

ಹಸನ್ ಹೊರಗಿನಿಂದ ಚಿಲಕ ಜಡಿದು ಹೊಸ್ತಿಲ ಮೇಲೆ ಕೂತ. ಬೆನ್ನ ಹಿಂದೆ ಬಾಗಿಲು ದಬದಬ ಬಡಿದುಕೊಂಡಿತು. ಅವನು ಏಳಲಿಲ್ಲ.